ಕೆಂಚಿ ತೋಡಿದ ತಗ್ಗುಗಳು

ಶಾಲೆಯಲ್ಲಿ ಕೈತೋಟ ಮಾಡಿ ಎಂದು ಮೇಲಿನಿಂದ ಕಾಗದ ಬಂದರೆ ಅದರಲ್ಲಿ ಎಲ್ಲವೂ ಇರುತ್ತದೆ. ಯಾವ ಸೊಪ್ಪು ಹಾಕಬೇಕು, ಗೊಬ್ಬರ ಎಲ್ಲಿಂದ ತರಬೇಕು, ಫೋಟೋ ಯಾವ ಆ್ಯಪ್‌ನಲ್ಲಿ ಏರಿಸಬೇಕು... ಎಲ್ಲವೂ! ಕೇಂದ್ರ ಸರ್ಕಾರ 2019ರಲ್ಲಿ ಶಾಲಾ ಪೌಷ್ಟಿಕ ಕೈತೋಟಗಳ ಮಾರ್ಗಸೂಚಿ ಹೊರಡಿಸಿದ ಮೇಲಂತೂ ಈ ಕಾಗದಗಳಿಗೆ ಬರವಿಲ್ಲ. ಆದರೆ ನಮ್ಮ ಕೈಗೆ ಬಂದ ಯಾವ ಕಾಗದದಲ್ಲೂ ನಾಯಿಯ ಮಾತಿರಲಿಲ್ಲ. ಹಳ್ಳಿ ಶಾಲೆಯಲ್ಲಿ ತೋಟ ಮಾಡಿದವರಿಗೆ ಗೊತ್ತು, ಬೀಜ ಮೊಳೆಯುವ ಮೊದಲು ಅಲ್ಲಿಗೆ ಬರುವುದು ಕೋಳಿ, ಆಮೇಲೆ ಮೇಕೆ, ಎಲ್ಲಕ್ಕಿಂತ ಹೆಚ್ಚು ಹಾಳು ಮಾಡುವುದು ಶಾಲೆಯದೇ ನಾಯಿ.

ನಮ್ಮದು ಆದೋನಿಯಿಂದ ಕೌತಾಳಂ ಕಡೆಗೆ ಸಿಗುವ ಒಂದು ಹಳ್ಳಿಯ ಕನ್ನಡ ಮಾಧ್ಯಮ ಪ್ರಾಥಮಿಕ ಶಾಲೆ. ಇಲ್ಲಿ ನಾವು ಎಂದರೆ ಇಬ್ಬರು ಮೇಷ್ಟ್ರು, ನಲವತ್ತೊಂದು ಮಕ್ಕಳು ಮತ್ತು ಬಿಸಿಯೂಟದ ಅವ್ವ. ಈ ಕಡೆಯವರಲ್ಲದ ಓದುಗರಿಗೆ ಒಂದು ಮಾತು. ಆದೋನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಮೊದಲು ಬಳ್ಳಾರಿ ಜಿಲ್ಲೆಯಲ್ಲೇ ಇದ್ದವು. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಆದಾಗ ಅತ್ತ ಸೇರಿದವು. 2022ರ ಏಪ್ರಿಲ್‌ನಲ್ಲಿ ನಂದ್ಯಾಲ ಬೇರೆ ಜಿಲ್ಲೆಯಾದಾಗಲೂ ನಾವು ಕರ್ನೂಲಿನಲ್ಲೇ ಉಳಿದೆವು. ನಾಯಿಯ ಕಥೆಗೆ ಈ ಇತಿಹಾಸ ಯಾಕೆ ಅಂತೀರಾ? ಸ್ವಲ್ಪ ತಾಳಿ, ಮುಂದೆ ಬೇಕಾಗುತ್ತದೆ.

ಕೆಂಚಿ ನಮ್ಮಲ್ಲಿಗೆ ಬಂದದ್ದು 2024ರ ಜೂನ್‌ನಲ್ಲಿ. ಬೇಸಿಗೆ ರಜೆ ಮುಗಿದು ಶಾಲೆ ತೆರೆದ ವಾರವೇ ಇರಬೇಕು. ನಾಲ್ಕು ತಿಂಗಳ ಮರಿ, ಕೆಂದು ಬಣ್ಣ, ಒಂದು ಕಿವಿ ನೆಟ್ಟಗೆ, ಇನ್ನೊಂದು ಜೋಲು. ಯಾರು ತಂದರೋ, ತಾನೇ ಬಂತೋ, ಯಾರೂ ಬಾಯಿ ಬಿಡಲಿಲ್ಲ. ಊಟದ ಗಂಟೆ ಹೊಡೆದ ಕೂಡಲೇ ಬೇವಿನ ಮರದ ಕೆಳಗೆ ಹಾಜರು. ಹಾಜರಿ ಪುಸ್ತಕದಲ್ಲಿ ಹೆಸರಿಲ್ಲ ಅನ್ನುವುದೊಂದು ಬಿಟ್ಟರೆ ನಮ್ಮಲ್ಲಿ ನೂರಕ್ಕೆ ನೂರು ಹಾಜರಿ ಇದ್ದದ್ದು ಅದಕ್ಕೊಂದೇ! ಪಶು ವೈದ್ಯರ ಹತ್ತಿರ ಕರೆದೊಯ್ದು ರೇಬೀಸ್ ಚುಚ್ಚುಮದ್ದು ಹಾಕಿಸಿದೆವು. ಆಮೇಲೆ ಇಬ್ಬರೂ ಸೇರಿ ದುಡ್ಡು ಹಾಕಿ ಮರಿಯಾಗದಂತೆ ಆಪರೇಷನ್ನೂ ಮಾಡಿಸಿದೆವು. ಮಕ್ಕಳಿರುವ ಜಾಗ, ಇದರಲ್ಲಿ ಉದಾಸೀನ ಸಲ್ಲದು.

ತೋಟ ಅಂದರೆ ದೊಡ್ಡದೇನಲ್ಲ. ಅಡುಗೆ ಕೋಣೆಯ ಹಿಂದೆ ಆರು ಮಡಿ. ಮೆಂತ್ಯೆ, ಪಾಲಕ, ಪುಂಡಿಪಲ್ಲೆ, ನಾಲ್ಕು ಸಾಲು ಟಮಾಟೆ, ಬದನೆ, ಮೂಲೆಯಲ್ಲಿ ನುಗ್ಗೆ, ಕರಿಬೇವು. ನಮ್ಮ ಕಡೆಯದು ಎರೆ ಮಣ್ಣು. ಮಳೆ ಬಂದರೆ ಕಾಲಿಗೆ ಅಂಟಿಕೊಂಡು ಬಿಡದು, ಬೇಸಿಗೆಯಲ್ಲಿ ಕೈ ಹೋಗುವಷ್ಟು ಬಿರುಕು ಬಿಡುತ್ತದೆ. ಮಕ್ಕಳು ಕೈ ತೊಳೆದ ನೀರನ್ನು ಕಾಲುವೆ ಮಾಡಿ ಅದೇ ಮಡಿಗಳಿಗೆ ತಿರುಗಿಸಿದ್ದೆವು. ಹಾಗೆ ಬೆಳೆದ ಮೆಂತ್ಯೆ ಬೇಳೆಗೆ ಬಿದ್ದ ದಿನ ಎರಡನೇ ಸಲ ಅನ್ನ ಹಾಕಿಸಿಕೊಂಡ ಮಕ್ಕಳನ್ನು ನಾವು ಎಣಿಸಿದ್ದೇವೆ, ಇಪ್ಪತ್ತಾರು.

ಆ ಮೆಂತ್ಯೆ ಮಡಿಯ ನಟ್ಟನಡುವೆ ಒಂದು ದಿನ ಬುಟ್ಟಿ ಇಡುವಷ್ಟು ತಗ್ಗು. ಅದರೊಳಗೆ ಕೆಂಚಿ, ಹೊಟ್ಟೆ ಮಣ್ಣಿಗೆ ಒತ್ತಿ, ನಾಲಿಗೆ ಹೊರಗೆ, ಪರಮ ಸುಖದಲ್ಲಿ! ಮಳೆಗಾಲದಲ್ಲಿ ಅಲ್ಲೊಂದು ಇಲ್ಲೊಂದು ತೋಡುತ್ತಿತ್ತು. 2025ರ ಫೆಬ್ರವರಿ ಹೊತ್ತಿಗೆ ದಿನಕ್ಕೆ ಒಂದೆರಡು ತಗ್ಗು ಖಾಯಂ ಆಯಿತು. ಮಡಿ ಮಾಡಿದ ನಾಲ್ಕನೇ ತರಗತಿಯ ಹುಡುಗಿಯರು ಅತ್ತೇಬಿಟ್ಟರು.

ಇನ್ನು ಸಲಹೆಗಳು. ನಮ್ಮೂರಲ್ಲಿ ನೀರಿಗೆ ಬರ ಇರಬಹುದು, ಸಲಹೆಗೆ ಇಲ್ಲ. ಒಬ್ಬರು, "ಖಾರದ ಪುಡಿ ಮಣ್ಣಾಗ ಕಲಸ್ರಿ ಸಾರ್, ಮೂತಿ ಇಡಂಗಿಲ್ಲ" ಎಂದರು. ಕರ್ನೂಲು ಜಿಲ್ಲೆ ನೋಡಿ, ಮೆಣಸಿನಕಾಯಿ ನೆನಪಾಗದೆ ಇರುತ್ತದೆಯೇ! ಆದರೆ ನಾಯಿಯ ಮೂಗಿನಲ್ಲಿ ವಾಸನೆ ಹಿಡಿಯುವ ಗ್ರಾಹಕಗಳು ನಮ್ಮದಕ್ಕಿಂತ ಹತ್ತಾರು ಪಟ್ಟು ಹೆಚ್ಚು. ನಮಗೆ ಸೀನು ಬರಿಸುವುದು ಅದಕ್ಕೆ ಉರಿ, ಕಣ್ಣಿಗೆ ಹೋದರೆ ಇನ್ನೂ ಕಷ್ಟ. ಮೇಲಾಗಿ ಅದೇ ಮಣ್ಣಿನಲ್ಲಿ ಕೈಯಾಡಿಸುವವರು ಆರೇಳು ವರ್ಷದ ಮಕ್ಕಳು. ಇನ್ನೊಬ್ಬರು ತಗ್ಗಿನಲ್ಲಿ ನೀರು ತುಂಬಿಸಿ ಮೂತಿ ಅದ್ದಿ ಎಂದರು. ಮತ್ತೊಬ್ಬರು ಮೆತ್ತಗೆ, "ಒಂದು ಉಂಡಿ ಹಾಕಿದ್ರ ಮುಗೀತು" ಎಂದರು. ಯಾವ ಉಂಡೆ ಎಂದು ಬಿಡಿಸಿ ಹೇಳಬೇಕಾಗಿಲ್ಲ. ಅವರಿಗೆ ನಾವು ಕಾನೂನು ಹೇಳಿದೆವು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 325ನೇ ಕಲಮಿನ ಪ್ರಕಾರ ಪ್ರಾಣಿಗೆ ವಿಷ ಹಾಕಿ ಕೊಂದರೆ ಐದು ವರ್ಷದವರೆಗೆ ಜೈಲು. ಅವರು ನಕ್ಕರು. ಆದರೆ ಆ ಮಾತು ಮತ್ತೆ ಎತ್ತಲಿಲ್ಲ.

ಔಡಲ ಹಿಂಡಿಯ ಸಲಹೆಯೂ ಬಂತು, ಅದು ತೋಟದ ಒಳ್ಳೆಯದಕ್ಕೇ ಹೇಳಿದ್ದು. ಗೊಬ್ಬರವೂ ಆಗುತ್ತದೆ, ಹುಳವೂ ಬರುವುದಿಲ್ಲ ಎಂದು ನಮ್ಮ ಕಡೆ ರೈತರು ಹಾಕುತ್ತಾರೆ. ಇದನ್ನು ಓದುತ್ತಿರುವ ಶಿಕ್ಷಕ ಮಿತ್ರರು ಒಂದು ವಿಷಯ ನೆನಪಿಡಬೇಕು. ಔಡಲ ಬೀಜದಲ್ಲಿ ರಿಸಿನ್ ಎಂಬ ಕಟು ವಿಷವಿದೆ. ಎಣ್ಣೆ ತೆಗೆದ ಮೇಲೆ ಅದು ಹಿಂಡಿಯಲ್ಲೇ ಉಳಿಯುತ್ತದೆ. ಸರಿಯಾಗಿ ಕಾಯಿಸಿ ವಿಷ ಕಳೆಯದ ಹಿಂಡಿ ನಾಯಿಯ ಪಾಲಿಗೆ ಸಾವೇ. ವಾಸನೆಗೆ ಅದು ತಿನ್ನುವ ವಸ್ತು ಎಂದು ನಾಯಿ ತೋಡಿ ತೋಡಿ ತಿನ್ನುತ್ತದೆ. ನಾಯಿ, ಕೋಳಿ ಓಡಾಡುವ ತೋಟಕ್ಕೆ ಅದು ಬೇಡವೇ ಬೇಡ. ಬೇವಿನ ಹಿಂಡಿ, ಕೊಟ್ಟಿಗೆ ಗೊಬ್ಬರ ಸಾಕು.

ಹೊಡೆಯುವ ವಿಷಯ. ತೆಲುಗಿನಲ್ಲಿ ಬಡಿ ಅಂದರೆ ಶಾಲೆ, ಕನ್ನಡದಲ್ಲಿ ಬಡಿ ಅಂದರೆ ಹೊಡೆ. ಗಡಿಯಲ್ಲಿ ಪಾಠ ಹೇಳುವ ನಾವು ಈ ಜೋಕನ್ನು ಎಷ್ಟು ಸಲ ಕೇಳಿದ್ದೇವೋ ಲೆಕ್ಕವಿಲ್ಲ. 2009ರ ಶಿಕ್ಷಣ ಹಕ್ಕು ಕಾಯ್ದೆಯ 17ನೇ ಕಲಂ ಬಂದ ಮೇಲೆ ಬಡಿಯಲ್ಲಿ ಬಡಿಯುವಂತಿಲ್ಲ. ಮಕ್ಕಳಿಗೆ ಇಲ್ಲದ ಬೆತ್ತ ನಾಯಿಗೆ ಯಾಕೆ ಎಂದು ನಾವು ಮೊದಲೇ ತೀರ್ಮಾನಿಸಿದ್ದೆವು. ಆದರೂ ಒಬ್ಬ ಹುಡುಗ ಸೌದೆ ಎತ್ತಿದಾಗ ಆ ಕಡೆಯಿಂದ ಹೋಗುತ್ತಿದ್ದ ಒಬ್ಬ ಅಜ್ಜಿ, "ಮೈಲಾರಪ್ಪನ ನಾಯಿ ಅದು, ಬಡೀಬ್ಯಾಡೋ" ಎಂದು ಕೂಗಿದರು. ಹೊಳಗುಂದದ ಹತ್ತಿರದ ದೇವರಗಟ್ಟಿನ ಮಾಳ ಮಲ್ಲೇಶ್ವರ ನಮ್ಮ ಭಾಗದ ದೊಡ್ಡ ದೇವರು, ದಸರೆಯ ರಾತ್ರಿ ಅಲ್ಲಿ ನಡೆಯುವ ಬಡಿಗೆ ಆಟ ನೀವು ಟಿವಿಯಲ್ಲಿ ನೋಡಿರುತ್ತೀರಿ. ಮಣಿ ಮಲ್ಲಾಸುರರನ್ನು ಕೊಂದ ಮೈಲಾರಲಿಂಗನ ಕಥೆಯೇ ಅದು. ಮೈಲಾರನ ಜೊತೆ ನಾಯಿ ಇದ್ದೇ ಇರುತ್ತದೆ. ಗೊರವಯ್ಯಗಳು ದೋಣಿ ಸೇವೆಯಲ್ಲಿ ನಾಯಿಯ ಹಾಗೆ ಬೊಗಳುತ್ತಾ ಉಣ್ಣುವುದನ್ನು ನಮ್ಮ ಮಕ್ಕಳು ಕಂಡವರೇ. ಹುಡುಗ ಸೌದೆ ಕೆಳಗಿಟ್ಟ. ಕಾಯ್ದೆಗಿಂತ ಅಜ್ಜಿಯ ಮಾತೇ ಬೇಗ ಕೆಲಸ ಮಾಡಿತು ಅನ್ನಿ.

ಹಾಗಾದರೆ ಕಲಿಸುವುದು ಹೇಗೆ? ನಾವಿಬ್ಬರೂ ಟಿಸಿಎಚ್ ಓದಿದವರು. ಶೈಕ್ಷಣಿಕ ಮನೋವಿಜ್ಞಾನದಲ್ಲಿ ಪಾವ್ಲೋವನ ನಾಯಿ, ಥಾರ್ನ್‌ಡೈಕನ ಬೆಕ್ಕು, ಸ್ಕಿನ್ನರನ ಪಾರಿವಾಳ ಇವರೆಲ್ಲರ ಮೇಲೆ ಟಿಪ್ಪಣಿ ಬರೆದು ಪಾಸಾದವರು. ಪ್ರಾಣಿಗಳಿಂದ ಕಲಿತದ್ದನ್ನು ಇಷ್ಟು ವರ್ಷ ಮಕ್ಕಳ ಮೇಲೆ ಪ್ರಯೋಗಿಸಿದ್ದಾಯಿತು, ಈಗ ಮೊದಲ ಬಾರಿ ನಿಜವಾದ ನಾಯಿ ಸಿಕ್ಕಿತ್ತು! ಗಂಟೆಗೆ ಜೊಲ್ಲು ಸುರಿಸುವ ಪಾಠವನ್ನಂತೂ ಅದು ನಾವು ಕಲಿಸದೆಯೇ ಕಲಿತಿತ್ತು. ನಮ್ಮ ಗಂಟೆ ಎಂದರೆ ನೇತುಹಾಕಿದ ರೈಲು ಹಳಿಯ ತುಂಡು. ಪ್ರಾರ್ಥನೆಯ ಗಂಟೆಗೆ ಕಣ್ಣು ತೆರೆಯದ ಕೆಂಚಿ ಊಟದ ಗಂಟೆಗೆ ಎದ್ದು ನಿಲ್ಲುತ್ತಿತ್ತು.

ಮಕ್ಕಳ ವಾದ ಬೇರೆ ಇತ್ತು. "ಸಾರ್, ಅದಕ್ಕ ತಪ್ಪು ಅಂತ ಗೊತ್ತೈತಿ. ಬೈದ್ರ ತಲಿ ಬಗ್ಗಿಸ್ತೈತಿ ನೋಡ್ರಿ." ನಿಜ, ತಗ್ಗು ತೋರಿಸಿ ಗದರಿದರೆ ಕೆಂಚಿ ಕಿವಿ ಮಡಿಚಿ, ಬಾಲ ಒಳಗೆ ಹಾಕಿ, ಓರೆಗಣ್ಣಲ್ಲಿ ನೋಡುತ್ತಿತ್ತು. ಇದರ ಮೇಲೆ ಅಲೆಕ್ಸಾಂಡ್ರಾ ಹೊರೋವಿಟ್ಜ್ ಎಂಬ ಅಮೆರಿಕದ ಸಂಶೋಧಕಿ 2009ರಲ್ಲಿ ಪ್ರಕಟಿಸಿದ ಒಂದು ಚಂದದ ಪ್ರಯೋಗವಿದೆ. ತಿನ್ನಬೇಡ ಎಂದು ಹೇಳಿ ತಿಂಡಿ ಇಟ್ಟು ಒಡೆಯ ಹೊರಗೆ ಹೋಗುವುದು. ಕೆಲವು ಸಲ ನಾಯಿ ತಿಂದಿರುತ್ತದೆ, ಕೆಲವು ಸಲ ಇಲ್ಲ. ಆದರೆ ಒಡೆಯನಿಗೆ ಸಿಗುವ ವರದಿ ಸುಳ್ಳೂ ಇರಬಹುದು. ಆಮೇಲೆ ನೋಡಿದರೆ, ತಪ್ಪಿತಸ್ಥನ ಮುಖ ನಾಯಿ ತಿಂದಿದೆಯೋ ಇಲ್ಲವೋ ಎಂಬುದರ ಮೇಲೆ ನಿಂತಿರಲಿಲ್ಲ, ಒಡೆಯ ಬೈದನೋ ಇಲ್ಲವೋ ಎಂಬುದರ ಮೇಲೆ ನಿಂತಿತ್ತು. ಅಂದರೆ ಕೆಂಚಿ ತಲೆ ಬಗ್ಗಿಸುತ್ತಿದ್ದದ್ದು ಬೆಳಿಗ್ಗೆ ತೋಡಿದ ತಗ್ಗಿಗಲ್ಲ, ಈಗ ಏರಿದ ನಮ್ಮ ದನಿಗೆ. ಮಕ್ಕಳಿಗೆ ಇದನ್ನು ಹೇಳಿದಾಗ ತರಗತಿಯಲ್ಲಿ ಒಂದು ವಿಚಿತ್ರ ಮೌನ ಬಂತು. ಮಾಡದ ತಪ್ಪಿಗೆ ತಲೆ ಬಗ್ಗಿಸಿ ನಿಂತವರು ಅವರಲ್ಲೂ ಇದ್ದರೋ ಏನೋ.

ಆದ್ದರಿಂದ ಮೊದಲು ಬೈಯುವುದು ನಿಲ್ಲಿಸಿ ನೋಡುವುದು ಶುರುಮಾಡಿದೆವು. ಐದನೇ ತರಗತಿಗೆ ಒಂದು ನೋಟ್ ಪುಸ್ತಕ ಕೊಟ್ಟೆವು. ತಗ್ಗು ಎಲ್ಲಿ, ಎಷ್ಟು ಹೊತ್ತಿಗೆ, ಅಗಲ ಎಷ್ಟು, ಆಳ ಎಷ್ಟು, ಸ್ಕೇಲು ಹಿಡಿದು ಅಳೆಯಬೇಕು, ಮಡಿಗೆ ಆವತ್ತು ನೀರು ಬಿಟ್ಟಿತ್ತೇ ಬರೆಯಬೇಕು. ಗಣಿತದ ಅಳತೆ, ಪರಿಸರ ವಿಜ್ಞಾನ, ಕೊನೆಗೆ ಸ್ತಂಭ ನಕ್ಷೆ, ಎಲ್ಲಾ ಒಂದರಲ್ಲೇ! ಹನ್ನೆರಡು ದಿನದಲ್ಲಿ ಹತ್ತೊಂಬತ್ತು ತಗ್ಗು ದಾಖಲಾದವು. ನಾವು ಓದಿದ ಯಾವ ಪುಸ್ತಕದಲ್ಲೂ ಇಲ್ಲದ ಒಂದು ವರ್ಗೀಕರಣವನ್ನು ಒಬ್ಬ ಹುಡುಗಿ ತಾನೇ ಮಾಡಿದಳು. "ಸಾರ್, ಎಲ್ಲಾ ಒಂದೇ ತಗ್ಗಲ್ಲ. ಮಲಗೋ ತಗ್ಗು ಬ್ಯಾರೆ, ಇಲಿ ತಗ್ಗು ಬ್ಯಾರೆ, ಬಚ್ಚಿಡೋ ತಗ್ಗು ಬ್ಯಾರೆ."

ಮಲಗೋ ತಗ್ಗು ಹನ್ನೊಂದು. ಅಗಲ ಹೆಚ್ಚು, ಆಳ ಒಂದು ಗೇಣೂ ಇಲ್ಲ. ಎಲ್ಲವೂ ಬೆಳಿಗ್ಗೆ ನೀರು ಬಿಟ್ಟ ಮಡಿಯಲ್ಲೇ, ಹನ್ನೊಂದು ಗಂಟೆಯಿಂದ ಎರಡರ ಒಳಗೇ. ಇದರ ಗುಟ್ಟು ಸರಳ. ನಾಯಿಗೆ ನಮ್ಮ ಹಾಗೆ ಮೈಯೆಲ್ಲಾ ಬೆವರುವುದಿಲ್ಲ. ಪಾದದ ಅಡಿಯಲ್ಲಿ ಒಂದಿಷ್ಟು ಬೆವರು, ಉಳಿದಂತೆ ನಾಲಿಗೆ ಚಾಚಿ ಏದುಸಿರು ಬಿಟ್ಟೇ ಮೈ ತಣ್ಣಗೆ ಮಾಡಿಕೊಳ್ಳಬೇಕು. ಹೊಟ್ಟೆಯ ಕಡೆ ಕೂದಲು ತೆಳು. ತೇವದ ಮಣ್ಣಿಗೆ ಅದನ್ನು ಒತ್ತಿದರೆ ಶಾಖ ಇಳಿಯುತ್ತದೆ. ಬಿಸಿಲಲ್ಲಿ ಮೇಲ್ಮಣ್ಣು ಕಾದ ಹೆಂಚಾದಾಗಲೂ ನಾಲ್ಕು ಬೆರಳು ಕೆಳಗೆ ತಂಪಿರುತ್ತದೆ. ಏಪ್ರಿಲ್-ಮೇ ತಿಂಗಳಲ್ಲಿ ನಲವತ್ತು ಡಿಗ್ರಿ ದಾಟುವ ಊರಿನಲ್ಲಿ, ಫ್ಯಾನಿಲ್ಲದ ಪ್ರಾಣಿ ಊರಿಗೆಲ್ಲ ತಂಪಾದ ಜಾಗ ಯಾವುದು ಎಂದು ಹುಡುಕಿ ನಮ್ಮ ಮೆಂತ್ಯೆ ಮಡಿಗೆ ಬಂದಿತ್ತು. ಬುದ್ಧಿ ಇಲ್ಲ ಅಂದವರು ಯಾರು?

ಇಲಿ ತಗ್ಗು ಐದು. ಬದುವಿನ ಗುಂಟ, ಕಿರಿದು, ಆಳ, ಬೆಳಗಿನ ಜಾವದವು. ಅಡುಗೆ ಕೋಣೆಯ ಅಕ್ಕಿ ಚೀಲದ ವಾಸನೆಗೆ ಹೆಗ್ಗಣಗಳು ಬಂದು ಬದುವಿನಲ್ಲಿ ಬಿಲ ಮಾಡಿದ್ದವು. ಇಲ್ಲಿ ಸ್ಕಿನ್ನರ್ ನೆನಪಾಗುತ್ತಾನೆ. ಪ್ರತಿ ಸಲ ಬಹುಮಾನ ಸಿಗುವುದಕ್ಕಿಂತ ಯಾವಾಗಲೋ ಒಮ್ಮೆ ಸಿಗುವ ಬಹುಮಾನವೇ ಅಭ್ಯಾಸವನ್ನು ಗಟ್ಟಿ ಮಾಡುತ್ತದೆ. ಮಟ್ಕಾ ಆಡುವವನು ಏಳದೆ ಕೂತಿರುವುದೂ ಇದೇ ಕಾರಣಕ್ಕೆ. ಹತ್ತು ಸಲ ತೋಡಿ ಒಮ್ಮೆ ಹೆಗ್ಗಣ ಸಿಕ್ಕರೆ ಸಾಕು, ನಾಯಿ ಹನ್ನೊಂದನೇ ಸಲ ತೋಡುತ್ತದೆ. ಬದು ತೋಡುವುದನ್ನು ನಿಲ್ಲಿಸಬೇಕಾದರೆ ಹೆಗ್ಗಣ ಹೋಗಬೇಕು, ನಾಯಿಗೆ ಪಾಠ ಹೇಳಿ ಪ್ರಯೋಜನವಿಲ್ಲ. ಇಲಿ ಪಾಷಾಣ ಇಡುವಂತಿಲ್ಲ, ಅದನ್ನು ತಿಂದ ಇಲಿಯನ್ನು ನಾಯಿ ತಿಂದರೆ ಅದಕ್ಕೂ ಅಪಾಯ. ಅಕ್ಕಿಯನ್ನು ತಗಡಿನ ಡಬ್ಬಿಗೆ ಹಾಕಿ, ಬಿಲಗಳಿಗೆ ಕಲ್ಲು ಬಡಿದು ಮುಚ್ಚಿ, ಬೋನು ಇಟ್ಟೆವು.

ಬಚ್ಚಿಡೋ ತಗ್ಗು ಮೂರೇ, ಎಲ್ಲ ನುಗ್ಗೆಯ ಬುಡದಲ್ಲಿ. ಊಟದ ಮೊಟ್ಟೆಯಲ್ಲಿ ಹಳದಿ ಭಾಗ ಬೇಡದ ಮಕ್ಕಳು ಯಾವ ಶಾಲೆಯಲ್ಲಿಲ್ಲ ಹೇಳಿ! ನಲವತ್ತೊಂದು ಮಕ್ಕಳಲ್ಲಿ ಹತ್ತು ಮಂದಿ ಗುಟ್ಟಾಗಿ ಎಸೆದರೂ ಒಂದು ನಾಯಿಗೆ ಅದು ಹಬ್ಬ. ತಿಂದು ಮಿಕ್ಕದ್ದನ್ನು ಅದು ಹೂತು, ಮೂಗಿನಿಂದ ಮಣ್ಣು ಎಳೆದು ಮುಚ್ಚುತ್ತಿತ್ತು. ಅಡುಗೆ ಅವ್ವನಿಗೆ ಇದು ಗೊತ್ತಾದ ದಿನ ಮಕ್ಕಳಿಗೆ ಬಿದ್ದ ಬೈಗುಳ ಇಲ್ಲಿ ಬರೆಯುವಂಥದ್ದಲ್ಲ.

ಇಷ್ಟು ತಿಳಿದ ಮೇಲೆ ಅರ್ಧ ಕೆಲಸ ಮುಗಿದ ಹಾಗೆ. ತೋಡುವುದು ನಾಯಿಯ ಹುಟ್ಟುಗುಣ. ಕೆಲವು ವಿದೇಶಿ ತಳಿಗಳನ್ನು ಬಿಲ ತೋಡುವುದಕ್ಕೆಂದೇ ಬೆಳೆಸಿದ್ದಾರೆ, ಟೆರಿಯರ್ ಎಂಬ ಹೆಸರಲ್ಲೇ ಲ್ಯಾಟಿನ್ನಿನ ಭೂಮಿ ಇದೆ. ಬಿಡಿಸಲಾಗದ್ದನ್ನು ಬಿಡಿಸಲು ಹೋಗುವ ಬದಲು ಜಾಗ ಬದಲಿಸುವುದು ಜಾಣತನ ಅನಿಸಿತು. ಬೇವಿನ ಮರದ ನೆರಳಲ್ಲಿ, ಕೈ ತೊಳೆಯುವ ನಳದ ಪಕ್ಕ, ನಾಲ್ಕಡಿ ಉದ್ದ ಮೂರಡಿ ಅಗಲಕ್ಕೆ ಮಣ್ಣು ತೆಗೆದು ನಾಲ್ಕು ಚೀಲ ಹಳ್ಳದ ಮರಳು ತುಂಬಿದೆವು. ಸುತ್ತ ಒಡೆದ ಬೇತಂಚೆರ್ಲ ಬಂಡೆಯ ತುಂಡುಗಳು. ನಳದ ನೀರು ಒಂದಿಷ್ಟು ಅಲ್ಲಿಗೂ ಹೋಗುವ ಹಾಗೆ ಸಣ್ಣ ಕಾಲುವೆ. ಅದರಲ್ಲಿ ಜೋಳದ ರೊಟ್ಟಿ ಚೂರು, ಮೊಟ್ಟೆಯ ಹಳದಿ ಹೂತಿಟ್ಟು, ಕೆಂಚಿಯ ಎದುರೇ ಮಕ್ಕಳು ಕೈಯಿಂದ ಮರಳು ಕೆದರಿ ತೋರಿಸಿದರು. ಮೊದಲು ಮರಳಲ್ಲಿ ತೋಡಿದ್ದು ಮಕ್ಕಳೇ, ಆಮೇಲೆ ಕೆಂಚಿ. ಮಡಿಗಳಿಗೆ ಹತ್ತಿ ಕಟ್ಟಿಗೆಯ ಬೇಲಿ. ಆದೋನಿ ಹತ್ತಿ ಮಾರುಕಟ್ಟೆಯ ಊರು, ಬೆಳೆ ಮುಗಿದ ಮೇಲೆ ಹೊಲದಲ್ಲಿ ಕಟ್ಟಿಗೆಗೆ ಕೊರತೆಯಿಲ್ಲ. ಜಾಲಿ ಮುಳ್ಳು ಬೇಡ ಎಂದೆವು. (ಬಳ್ಳಾರಿ ಜಾಲಿ ಎಂದು ನಾವು ಬಳ್ಳಾರಿಯ ತಲೆಗೆ ಕಟ್ಟಿದ ಮರವನ್ನು ತೆಲುಗಿನವರು ಸರ್ಕಾರು ತುಮ್ಮ ಎಂದು ಸರ್ಕಾರದ ತಲೆಗೆ ಕಟ್ಟಿದ್ದಾರೆ. ನಮ್ಮದು ಎಂದು ಒಪ್ಪಿಕೊಳ್ಳುವವರು ಯಾರೂ ಇಲ್ಲ!)

ಇನ್ನು ಭಾಷೆಯ ಸಮಸ್ಯೆ. ಇಲ್ಲೇ ನೋಡಿ 1953 ಬಂತು. ನಮ್ಮ ಮಕ್ಕಳು ಮನೆಯಲ್ಲಿ ಕನ್ನಡ, ಬೀದಿಯಲ್ಲಿ ತೆಲುಗು. ಕೆಂಚಿ ಮಡಿಗೆ ಕಾಲಿಟ್ಟರೆ ಒಬ್ಬ "ಬ್ಯಾಡ" ಅನ್ನುತ್ತಿದ್ದ, ಇನ್ನೊಬ್ಬಳು "ವದ್ದು", ಮತ್ತೊಬ್ಬ "ಏಯ್", ಇಂಗ್ಲಿಷ್ ಕಲಿತವನು "ನೋ". ನಾಯಿಗೆ ಅರ್ಥಕ್ಕಿಂತ ಸದ್ದು ಮುಖ್ಯ. ಒಂದು ಕೆಲಸಕ್ಕೆ ಒಂದೇ ಸದ್ದು ಇರಬೇಕು, ಅದು ಸರಿಯಾಗಿ ಆ ಕ್ಷಣಕ್ಕೇ ಬರಬೇಕು. ತಗ್ಗು ಮುಗಿದ ಮೇಲೆ ಹೇಳಿದರೆ ಉಪಯೋಗವಿಲ್ಲ, ಪಂಜ ಮಣ್ಣಿಗೆ ಇಟ್ಟ ಸೆಕೆಂಡಿನಲ್ಲೇ ಹೇಳಬೇಕು. ಯಾವ ಪದ ಇಟ್ಟುಕೊಳ್ಳೋಣ ಎಂದು ತರಗತಿಯಲ್ಲಿ ಚರ್ಚೆ ಇಟ್ಟೆವು. ವದ್ದು ಪರವಾಗಿ ಗಟ್ಟಿ ವಾದವೇ ಬಂತು, ಊರ ನಾಯಿಗಳೆಲ್ಲ ತೆಲುಗಿನವು ಎಂದು! ಕೊನೆಗೆ "ಬ್ಯಾಡ" ಗೆದ್ದಿತು. ಸದ್ದು ಗಟ್ಟಿಯಾಗಿದೆ, ದೂರ ಕೇಳುತ್ತದೆ ಎಂಬುದು ಕಾರಣ. ಒಂದೇ ಚಪ್ಪಾಳೆ, ಒಂದೇ ಬ್ಯಾಡ, ಆಮೇಲೆ ಮರಳಿನ ಕಡೆಗೆ ಕರೆಯುವುದು, ಅಲ್ಲಿ ತೋಡಿದರೆ ಶಹಬ್ಬಾಸ್ ಮತ್ತು ರೊಟ್ಟಿ ಚೂರು. ಗದರಿಕೆ ಇಲ್ಲ, ಅಟ್ಟಿಸಿಕೊಂಡು ಹೋಗುವುದಿಲ್ಲ. ಅಟ್ಟಿಸಿಕೊಂಡು ಹೋದರೆ ಅದಕ್ಕೆ ಅದೇ ಆಟ.

ಮಾರ್ಚ್ ಮಧ್ಯದಲ್ಲಿ ಒಪ್ಪೊತ್ತಿನ ಶಾಲೆ ಶುರುವಾದಾಗ ದಿನಕ್ಕೊಂದು ತಗ್ಗು ಇದ್ದದ್ದು ವಾರಕ್ಕೆರಡಕ್ಕೆ ಇಳಿದಿತ್ತು. ಬೇಸಿಗೆ ರಜೆಯಲ್ಲಿ ಸರದಿಯ ಮೇಲೆ ಬಂದು ಮಡಿಗೂ ಮರಳಿಗೂ ನೀರು ಬಿಟ್ಟೆವು. 2025ರ ಜೂನ್ 12ಕ್ಕೆ ಶಾಲೆ ತೆರೆದ ಮೇಲೆ ಮಲಗೋ ತಗ್ಗು ಮಡಿಯಲ್ಲಿ ಒಂದೂ ಬೀಳಲಿಲ್ಲ. ನಾಯಿ ಬಾಲ ಡೊಂಕು ಎಂದವರೆಲ್ಲ ಬಂದು ನೋಡಿದರು. ಬಾಲ ಡೊಂಕಾಗಿಯೇ ಇತ್ತು, ಅದರಿಂದ ಮೆಂತ್ಯೆಗೆ ತೊಂದರೆ ಇರಲಿಲ್ಲ.

ಕಥೆ ಇಲ್ಲಿಗೇ ಮುಗಿದಿದ್ದರೆ ಬರೆಯುತ್ತಲೇ ಇರಲಿಲ್ಲವೇನೋ. 2025ರ ನವೆಂಬರ್ 7ರಂದು ಸರ್ವೋಚ್ಚ ನ್ಯಾಯಾಲಯದ ಆದೇಶ ಬಂತು. ಶಾಲೆ, ಕಾಲೇಜು, ಆಸ್ಪತ್ರೆ, ಬಸ್ ನಿಲ್ದಾಣ, ರೈಲು ನಿಲ್ದಾಣಗಳ ಆವರಣದಿಂದ ಬೀದಿ ನಾಯಿಗಳನ್ನು ತೆಗೆಯಬೇಕು, ಸಂತಾನಹರಣ ಚಿಕಿತ್ಸೆ, ಲಸಿಕೆ ಮಾಡಿಸಿ ಆಶ್ರಯತಾಣಕ್ಕೆ ಸೇರಿಸಬೇಕು, ಹಿಡಿದ ಜಾಗಕ್ಕೇ ಮತ್ತೆ ಬಿಡಬಾರದು. ಅದಕ್ಕೂ ಮೊದಲು 2023ರ ಪ್ರಾಣಿ ಜನನ ನಿಯಂತ್ರಣ ನಿಯಮಗಳಂತೆ ಚಿಕಿತ್ಸೆ ಆದ ನಾಯಿಯನ್ನು ಹಿಡಿದ ಜಾಗಕ್ಕೇ ಬಿಡುವುದು ಪದ್ಧತಿಯಾಗಿತ್ತು. ಪತ್ರಿಕೆಯಲ್ಲಿ ಸುದ್ದಿ ಓದಿದ ಮಕ್ಕಳು ಬೆಳಿಗ್ಗೆ ಪ್ರಾರ್ಥನೆಗೆ ನಿಂತಾಗ ಕೆಂಚಿಯನ್ನು ಸಾಲಿನ ಹಿಂದೆ ಅಡಗಿಸಿ ನಿಲ್ಲಿಸಿದ್ದರು.

ಪೋಷಕರ ಸಭೆ ಕರೆದೆವು. ಅರ್ಧ ಜನ, ಇದು ಬೀದಿ ನಾಯಿ ಅಲ್ಲ, ಶಾಲೆಯ ನಾಯಿ ಎಂದರು. ಆಗ ಹಿಂದೆ ಕೂತಿದ್ದ ಒಬ್ಬ ತಂದೆ ಎದ್ದರು. ಹಿಂದಿನ ವರ್ಷ ಅವರ ಚಿಕ್ಕ ಮಗನಿಗೆ ಬೇರೊಂದು ನಾಯಿ ಬೀದಿಯಲ್ಲಿ ಕಚ್ಚಿತ್ತು. ಗಾಯವನ್ನು ಸೋಪು ಹಚ್ಚಿ ಹದಿನೈದು ನಿಮಿಷ ತೊಳೆದು, ಕಚ್ಚಿದ ದಿನ, ಮೂರನೇ ದಿನ, ಏಳನೇ ದಿನ, ಇಪ್ಪತ್ತೆಂಟನೇ ದಿನ ಎಂದು ಕೂಲಿ ಬಿಟ್ಟು ಸೂಜಿಗೆ ಅಲೆದಿದ್ದರು. "ನಿಮ್ಮ ನಾಯಿ ಒಳ್ಳೇದ ಇರ್ಬೋದು ಸಾರ್. ಆದ್ರ ನನ್ನ ಮಗ ರಾತ್ರಿ ಎದ್ದು ಅಳ್ತಾನ. ನಾಯಿ ಇಲ್ಲೇ ಇದ್ರ ದೊಡ್ಡಾಕಿನ್ನೂ ತೆಲುಗು ಬಡಿಗೆ ಹಾಕ್ತೀನಿ" ಎಂದರು. ಬೆದರಿಕೆಯ ದನಿಯಲ್ಲ, ಸೋತ ದನಿ. ಗಡಿ ಶಾಲೆಯಲ್ಲಿ ಕೆಲಸ ಮಾಡುವವರಿಗೆ ಆ ಮಾತಿನ ತೂಕ ಗೊತ್ತು. ನಲವತ್ತೊಂದು ನಲವತ್ತಾಗುತ್ತದೆ, ಅವಳ ಗೆಳತಿ ಅವಳ ಹಿಂದೆ ಹೋಗುತ್ತಾಳೆ, ಮೂವತ್ತೊಂಬತ್ತಾಗುತ್ತದೆ... ಆದರೆ ಲೆಕ್ಕವನ್ನು ಪಕ್ಕಕ್ಕಿಟ್ಟರೂ ಅವರ ಮಾತು ನ್ಯಾಯವಾದದ್ದೇ. ಶಾಲೆ ಹೆದರಿದ ಮಗುವಿಗೂ ಸೇರಿದ್ದು. ಕೆಂಚಿ ಶಾಲೆಯಲ್ಲಿ ಇರುವುದಿಲ್ಲ ಎಂದು ಸಭೆಯಲ್ಲೇ ಹೇಳಿದೆವು. ಹಿಡಿಯುವವರು ಬರುವ ಮೊದಲು ಅದಕ್ಕೊಂದು ಮನೆ ಬೇಕಿತ್ತು. ಸಾಕುವವರಿದ್ದರೆ ಅದು ಬೀದಿ ನಾಯಿಯಲ್ಲ.

ಮೂರು ದಿನ ಯಾರೂ ಮುಂದೆ ಬರಲಿಲ್ಲ. ನಾಲ್ಕನೇ ದಿನ ಪಾತ್ರೆ ತೊಳೆಯುತ್ತಾ ಅಡುಗೆ ಅವ್ವ ತಲೆ ಎತ್ತದೆ ಹೇಳಿದರು, "ನಮ್ಮನ್ಯಾಗ ಇರ್ಲಿ ಬಿಡ್ರಿ. ಆದ್ರ ಹಿತ್ತಲ್ದಾಗ ಉಳ್ಳಾಗಡ್ಡಿ ಸಸಿ ಹಾಕೀನಿ, ಪುಂಡಿ ಐತಿ. ಹದಿನೈದು ದಿನ ನೋಡ್ತೀನಿ. ತೋಡ್ತು ಅಂದ್ರ ಬ್ಯಾಡ." ಆ ಹಿತ್ತಲ ಸೊಪ್ಪು ಸಂತೆಗೆ ಹೋಗುತ್ತದೆ, ಅವರ ಪಾಲಿಗೆ ಅದು ಆಟದ ತೋಟವಲ್ಲ.

ಇಲ್ಲೊಂದು ತೊಡಕಿದೆ. ಒಂದು ಜಾಗದಲ್ಲಿ ಕಲಿತದ್ದನ್ನು ನಾಯಿ ಇನ್ನೊಂದು ಜಾಗಕ್ಕೆ ತಾನಾಗಿ ಅನ್ವಯಿಸುವುದಿಲ್ಲ. ಶಾಲೆಯ ಮಡಿಯಲ್ಲಿ ತೋಡಬಾರದು ಎಂದು ಕಲಿತ ಕೆಂಚಿಗೆ ಅವ್ವನ ಹಿತ್ತಲು ಹೊಸ ದೇಶ. ಕಪ್ಪುಹಲಗೆಯ ಮೇಲೆ ಕೂಡಿಸುವ ಮಗು ಅಂಗಡಿಯಲ್ಲಿ ಚಿಲ್ಲರೆ ಎಣಿಸಲು ತಡಕಾಡುವುದಿಲ್ಲವೇ, ಹಾಗೆ. ಪಾಠ ಮತ್ತೆ ಮೊದಲಿನಿಂದ. ದಿನಾ ಸಂಜೆ ಶಾಲೆ ಬಿಟ್ಟ ಮೇಲೆ ನಾಲ್ಕೈದು ಮಕ್ಕಳ ಜೊತೆ ಅಲ್ಲಿಗೆ ಹೋದೆವು. ಬಚ್ಚಲ ಹಿಂದೆ ಎರಡು ಚೀಲ ಮರಳು, ಅದೇ ಚಪ್ಪಾಳೆ, ಅದೇ ಬ್ಯಾಡ, ಅದೇ ರೊಟ್ಟಿ. ಮೊದಲ ವಾರ ಎರಡು ತಗ್ಗು ಬಿದ್ದವು. ಒಂದು ಪುಂಡಿಯ ಬುಡದಲ್ಲಿ, ಒಂದು ಉಳ್ಳಾಗಡ್ಡಿ ಸಾಲಿಗೆ ಮೊಳದಷ್ಟು ಈಚೆ. ಆ ಎರಡನೆಯದನ್ನು ಅವ್ವ ನೋಡುವ ಮೊದಲೇ ಮಕ್ಕಳು ಮುಚ್ಚಿದರು, ನಾವು ಆಕಾಶ ನೋಡುತ್ತಿದ್ದೆವು. ಉಳ್ಳಾಗಡ್ಡಿ ನಾಯಿಯ ಹೊಟ್ಟೆಗೆ ಹೋದರೆ ರಕ್ತಕ್ಕೇ ತೊಂದರೆ, ಅದಕ್ಕಾಗಿ ಆ ಸಾಲಿಗೆ ಮಾತ್ರ ಕಟ್ಟಿಗೆ ಬೇಲಿ ಬಿಗಿಯಾಗಿ ಹಾಕಿಕೊಟ್ಟೆವು. ಎರಡನೇ ವಾರ ಒಂದೂ ಇಲ್ಲ.

ಹದಿನೈದನೇ ದಿನ ಅವ್ವ ಏನೂ ಹೇಳಲಿಲ್ಲ. ಹದಿನಾರನೇ ದಿನ ಕೆಂಚಿಯ ಕೊರಳಲ್ಲಿ ಹಳೇ ಸೀರೆಯ ಅಂಚಿನ ಪಟ್ಟಿ, ಅದಕ್ಕೊಂದು ಗೆಜ್ಜೆ. ಲಸಿಕೆಯ ಚೀಟಿಯನ್ನು ಅವರ ರೇಷನ್ ಕಾರ್ಡಿನ ಜೊತೆ ಇಟ್ಟುಬಂದೆವು. ಸಭೆಯಲ್ಲಿ ಎದ್ದು ಮಾತಾಡಿದ ತಂದೆಯ ದೊಡ್ಡ ಮಗಳು ಇಂದಿಗೂ ನಮ್ಮಲ್ಲೇ ಓದುತ್ತಿದ್ದಾಳೆ.

ಅವ್ವನ ಮನೆ ಶಾಲೆಯಿಂದ ಎರಡು ಓಣಿ ಆಚೆ. ಹಳಿ ಗಂಟೆಯ ಸದ್ದು ಅಲ್ಲಿಗೂ ಕೇಳುತ್ತದೆ. ಊಟದ ಗಂಟೆಗೆ ಕೆಂಚಿ ಅವ್ವನ ಹೊಸ್ತಿಲ ಮೇಲೆ ಎದ್ದು ನಿಲ್ಲುತ್ತದಂತೆ, ಪ್ರಾರ್ಥನೆಯ ಗಂಟೆಗೆ ಈಗಲೂ ಕಣ್ಣು ಬಿಡುವುದಿಲ್ಲವಂತೆ. ನಮ್ಮ ಮರಳಿನ ತಗ್ಗಿನಲ್ಲಿ ಒಂದನೇ ತರಗತಿಯವರು ಬೆರಳಿನಿಂದ ಅ ಆ ಬರೆಯುತ್ತಾರೆ. ಇನ್ನು ತೋಟದ ಸುದ್ದಿ. 2026ರ ಸಂಕ್ರಾಂತಿ ರಜೆ ಮುಗಿಸಿ ಬಂದು ನೋಡಿದರೆ ಆರು ಮಡಿಯಲ್ಲಿ ನಾಲ್ಕು ಉಳುಮೆ ಮಾಡಿದ ಹಾಗಿದ್ದವು. ಹಂದಿಗಳು! ಕೆಂಚಿ ಇದ್ದಾಗ ಅವು ಗೇಟಿನ ಹತ್ತಿರವೂ ಸುಳಿಯುತ್ತಿರಲಿಲ್ಲ. ಐದನೇ ತರಗತಿಯವರು ಹಳೇ ನೋಟ್ ಪುಸ್ತಕದಲ್ಲಿ ಹೊಸ ಪುಟ ತೆರೆದು ಸ್ಕೇಲು ಹಿಡಿದು ಕೂತಿದ್ದಾರೆ.